ಸಂಗೀತದ ಆಯವ್ಯಯ: ಚೆನ್ನೈ ಪಟ್ಟಣದಿಂದ ನಮಗೆ ಪಾಠ

ಸಂಗೀತವೆಂದರೆ ಉಂಡು ತೃಪ್ತರಾದವರ ವಿನೋದ, ಹೊಟ್ಟೆಗೆ ಹಿಟ್ಟಿಲ್ಲದ ಕಾಲದಲ್ಲಿ ಜುಟ್ಟಿಗೆ ಮುಡಿದ ಮಲ್ಲಿಗೆ ಎಂದು ಭಾವಿಸುವ ಗೃಹಸ್ಥರು ನಮ್ಮಲ್ಲಿ ಇಂದಿಗೂ ವಿರಳರಲ್ಲ. ಪುರಸಭೆಗಳ ಆಯವ್ಯಯದ ಚರ್ಚೆಯಲ್ಲಿ ರಸ್ತೆ, ಚರಂಡಿ, ನೀರಿನ ನಲ್ಲಿಗಳ ಮಾತು ಮುಗಿದು ಹೊತ್ತು ಮಿಕ್ಕರೆ ಮಾತ್ರ ಕಲೆಯ ಮಾತು ಏಳುವುದು. ಎದ್ದಾಗಲೂ ಅದು ದಾನಧರ್ಮದ ಬಾಬಿನಲ್ಲಿ ಬರುವುದೇ ಹೊರತು ಉದ್ಯೋಗದ ಬಾಬಿನಲ್ಲಿ ಬರುವುದಿಲ್ಲ. ಈ ಭಾವನೆಯು ಎಷ್ಟರ ಮಟ್ಟಿಗೆ ಸರಿಯಾದುದೆಂಬುದನ್ನು ಪರೀಕ್ಷಿಸುವುದಕ್ಕೆ ನಮ್ಮ ನೆರೆಯಲ್ಲಿಯೇ ಒಂದು ದೊಡ್ಡ ನಿದರ್ಶನವಿರುತ್ತದೆ. ಅದು ಮದರಾಸು, 1996 ರಿಂದ ಚೆನ್ನೈ ಎಂಬ ಹೆಸರಿನಿಂದ ವ್ಯವಹರಿಸಲ್ಪಡುತ್ತಿರುವ ಪಟ್ಟಣ. 2017 ರಲ್ಲಿ ಯುನೆಸ್ಕೋ ಸಂಸ್ಥೆಯು ತನ್ನ ಸೃಜನಶೀಲ ನಗರಗಳ ಪಂಕ್ತಿಯಲ್ಲಿ ಇದನ್ನು ಸಂಗೀತನಗರವೆಂದು ಸೇರಿಸಿಕೊಂಡಿತು. ನಮ್ಮ ದೇಶದಲ್ಲಿ ಆ ಮನ್ನಣೆಯು 2015 ರಲ್ಲಿ ಕಾಶಿಗೆ ಸಂದಿತ್ತು. 2023 ರಲ್ಲಿ ಗ್ವಾಲಿಯರಿಗೂ ಸಂದಿತು. ಬಿರುದಿನ ಮಾತು ಹಾಗಿರಲಿ. ಸಂಗೀತವು ಒಂದು ಊರಿಗೆ ಏನನ್ನು ತಂದುಕೊಡುತ್ತದೆ, ಯಾರ ಕೈಗೆ ಕೊಡುತ್ತದೆ, ಯಾರ ಕೈಗೆ ಕೊಡುವುದಿಲ್ಲ ಎಂಬ ಲೆಕ್ಕವನ್ನು ವಾಚಕರ ಮುಂದೆ ಇಡುವುದೇ ನಮ್ಮ ಉದ್ದೇಶ.

ಪೂರ್ವಕಾಲದಲ್ಲಿ ಗಾಯಕನ ಅನ್ನವು ಅರಮನೆಯಿಂದಲೂ ದೇವಾಲಯದಿಂದಲೂ ಬರುತ್ತಿದ್ದಿತು. 1855 ರಲ್ಲಿ ತಂಜಾವೂರಿನ ಕೊನೆಯ ಅರಸನು ಗಂಡುಸಂತಾನವಿಲ್ಲದೆ ತೀರಿಕೊಳ್ಳಲು, ಇಂಗ್ಲಿಷ್ ಕಂಪೆನಿಯು ಆ ಸಂಸ್ಥಾನವನ್ನೇ ಇಲ್ಲವೆನಿಸಿತು. ಆಶ್ರಯ ತಪ್ಪಿದ ವಿದ್ವಾಂಸರಲ್ಲಿ ಅನೇಕರು ಮೈಸೂರಿನ ಕಡೆಗೆ ಬಂದರು. ಮತ್ತೆ ಅನೇಕರು ವ್ಯಾಪಾರದಿಂದ ಬೆಳೆಯುತ್ತಿದ್ದ ಮದರಾಸಿನ ಕಡೆಗೆ ನಡೆದರು. ಅಲ್ಲಿ ಅವರಿಗೆ ದೊರೆತ ಪ್ರಭು ರಾಜನಲ್ಲ. ವರ್ತಕನು, ವಕೀಲನು, ಸರಕಾರಿ ನೌಕರನು. ಒಬ್ಬ ಅರಸನು ಕೊಡುತ್ತಿದ್ದುದನ್ನು ನೂರು ಮಂದಿ ಕೂಡಿ ಚಂದಾ ಎತ್ತಿ ಕೊಡುವ ಏರ್ಪಾಡೇ ‘ಸಭಾ’ ಎಂಬುದು. ಆಸ್ಥಾನದ ಕಲೆಯು ಚೀಟಿ ಕೊಂಡು ಕೇಳುವ ಕಲೆಯಾದುದು ಹೀಗೆ.

ರಾಷ್ಟ್ರೀಯ ಚಳವಳಿಗೂ ಈ ಬದಲಾವಣೆಗೂ ಇದ್ದ ಸಂಬಂಧವನ್ನು ನಮ್ಮ ವಾಚಕರಲ್ಲಿ ಹಿರಿಯರು ಬಲ್ಲರು. 1927 ರ ಡಿಸೆಂಬರಿನಲ್ಲಿ ಮದರಾಸಿನಲ್ಲಿ ಕಾಂಗ್ರೆಸ್ ಮಹಾಸಭೆಯು ಸೇರಿದಾಗ ಅದರ ಜೊತೆಯಲ್ಲಿಯೇ ಅಖಿಲ ಭಾರತ ಸಂಗೀತ ಸಮ್ಮೇಳನವೂ ನಡೆಯಿತು. ಅದರ ಫಲವಾಗಿ 1928 ರಲ್ಲಿ ಮದರಾಸಿನ ಸಂಗೀತ ಅಕಾಡೆಮಿಯು ಹುಟ್ಟಿತು. ಅದರ ಮೊದಲ ಅಧ್ಯಕ್ಷರು ಉಡುಪಿ ರಾಮರಾಯರು. ವೈದ್ಯರು, ಉಡುಪಿಯೆಂಬ ಊರಿನ ಹೆಸರನ್ನು ತಮ್ಮ ಹೆಸರಿನೊಡನೆ ಹೊತ್ತವರು. ಕೋರ್ಟು ಕಚೇರಿಗಳಿಗೆ ರಜೆಯಿರುವ ಡಿಸೆಂಬರ್ ತಿಂಗಳೇ ಸಮ್ಮೇಳನದ ಕಾಲವಾಗಿ ನೆಲೆಗೊಂಡಿತು. ಒಂದು ಸಭೆಯನ್ನು ನೋಡಿ ಮತ್ತೊಂದು ಸಭೆ, ಒಂದು ಬಡಾವಣೆಯನ್ನು ನೋಡಿ ಮತ್ತೊಂದು ಬಡಾವಣೆ ಹೀಗೆ ಮುಂದುವರಿದು, ಮಾರ್ಗಶಿರದ ಚಳಿಯಲ್ಲಿ ಇಡೀ ಪಟ್ಟಣವೇ ಕಚೇರಿಯ ಚಾವಡಿಯಾಗುವ ಸಂಪ್ರದಾಯವು ಬೆಳೆಯಿತು. ಬೆಳಗ್ಗೆ ವಿದ್ವದ್ಗೋಷ್ಠಿ, ಮಧ್ಯಾಹ್ನ ಕಿರಿಯರ ಉಚಿತ ಕಚೇರಿ, ಸಂಜೆ ಹಿರಿಯರ ಹಣದ ಕಚೇರಿ. ಇದು ಆ ದಿನಗಳ ಕ್ರಮ.

ಇನ್ನು ಈ ಋತುವಿನ ಅನ್ನದಾನವನ್ನು ನೋಡೋಣ. ವೇದಿಕೆಯ ಮೇಲೆ ಕಾಣುವವರು ನಾಲ್ವರೋ ಐವರೋ. ಆದರೆ ಆ ಐವರ ಹಿಂದೆ ಚಪ್ಪರ ಹಾಕುವವನು, ಧ್ವನಿವರ್ಧಕದವನು, ಕರಪತ್ರ ಅಚ್ಚುಹಾಕುವವನು, ಬಾಡಿಗೆಯ ಗಾಡಿಯವನು, ಹೂವಿನವಳು ಎಲ್ಲರೂ ಇರುತ್ತಾರೆ. ಹೊರ ಊರುಗಳಿಂದಲೂ ಅಮೇರಿಕ, ಸಿಂಗಪುರಗಳಿಂದಲೂ ಬರುವ ರಸಿಕರು ವಸತಿಗೃಹಗಳಲ್ಲಿ ವಾರಗಟ್ಟಲೆ ತಂಗುತ್ತಾರೆ. ರೇಷ್ಮೆಯ ಅಂಗಡಿಗಳಿಗೆ ಅದು ಹಬ್ಬದ ಕಾಲ. ಸಭೆಗಳ ಉಪಾಹಾರಶಾಲೆಯ ಕೀರ್ತಿಯಂತೂ ಸಂಗೀತದ ಕೀರ್ತಿಗೆ ಸಮನಾಗಿ ಬೆಳೆದಿರುತ್ತದೆ. ತನಿ ಆವರ್ತನ ಮೊದಲಾದ ಕೂಡಲೆ ದೋಸೆಯ ಕಡೆಗೆ ಏಳುವ ಮಹಾಶಯರನ್ನು ಮೃದಂಗದ ವಿದ್ವಾಂಸರು ಇನ್ನೂ ಕ್ಷಮಿಸಿಲ್ಲ. ಋತುವು ಮುಗಿದ ಮೇಲೂ ವರ್ಷವಿಡೀ ಪಾಠವು ನಡೆಯುತ್ತದೆ. ಮೈಲಾಪುರದ ಒಂದು ಕೋಣೆಯಲ್ಲಿ ಕುಳಿತ ಗುರುವು ಗಣಕಯಂತ್ರದ ಪರದೆಯ ಮೂಲಕ ಕಡಲಾಚೆಯ ಮಕ್ಕಳಿಗೆ ಸರಳೆ ಜಂಟೆಗಳನ್ನು ಹೇಳಿಕೊಡುವುದು ಈಗ ಆಶ್ಚರ್ಯದ ವಿಷಯವಾಗಿ ಉಳಿದಿಲ್ಲ. 1978 ರಿಂದ ಅಮೇರಿಕದ ಕ್ಲೀವ್‌ಲ್ಯಾಂಡ್ ನಗರದಲ್ಲಿ ನಡೆಯುತ್ತಿರುವ ತ್ಯಾಗರಾಜ ಆರಾಧನೆಯೂ ಈ ವಿದ್ವಾಂಸರನ್ನು ಬರಮಾಡಿಕೊಳ್ಳುತ್ತದೆ. ವಿದೇಶಕ್ಕೆ ಬಟ್ಟೆಯನ್ನೋ ಮಸಾಲೆಯನ್ನೋ ಕಳುಹಿ ಹಣ ತರುವುದನ್ನು ವ್ಯಾಪಾರವೆನ್ನುವ ನಾವು, ಸ್ವರವನ್ನು ಕಳುಹಿ ಹಣ ತರುವುದನ್ನು ಏತಕ್ಕೆ ವ್ಯಾಪಾರವೆನ್ನಬಾರದು?

ಇದು ಲೆಕ್ಕದ ಒಂದು ಪುಟ. ಎರಡನೆಯ ಪುಟವು ಕೋಡಂಬಾಕದ್ದು. ಗ್ರಾಮಫೋನು ಬಂದಿತು, ರೇಡಿಯೋ ಬಂದಿತು, ಮಾತಾಡುವ ಚಲಚ್ಚಿತ್ರವು ಬಂದಿತು. ಈ ಮೂರರ ದಕ್ಷಿಣದ ಕೇಂದ್ರವೂ ಮದರಾಸೇ ಆಯಿತು. ಎ. ವಿ. ಮೆಯ್ಯಪ್ಪ ಚೆಟ್ಟಿಯಾರರು ಗ್ರಾಮಫೋನ್ ತಟ್ಟೆಗಳ ವ್ಯಾಪಾರದಿಂದ ತೊಡಗಿ ಚಿತ್ರ ತಯಾರಿಕೆಗೆ ಇಳಿದವರು. ಅವರ ಮತ್ತು ಇತರರ ಕಲಾಗಾರಗಳಲ್ಲಿ ತಮಿಳು, ತೆಲುಗು, ಕನ್ನಡ, ಮಲೆಯಾಳ ನಾಲ್ಕು ಭಾಷೆಗಳ ಹಾಡುಗಳೂ ಮುದ್ರಿತವಾಗುತ್ತಿದ್ದುವು. ಪಿಟೀಲಿನವರ ಒಂದು ಸಾಲು, ಕೊಳಲಿನವರು, ತಬಲದವರು, ಸ್ವರಲಿಪಿ ಬರೆಯುವವರು, ಯಂತ್ರದವರು ಇವರೆಲ್ಲರಿಗೂ ದಿನಗೂಲಿಯಾದರೂ ನಿಶ್ಚಿತವಾದ ಕೂಲಿಯು ಅಲ್ಲಿ ಸಿಕ್ಕುತ್ತಿದ್ದಿತು. ದೇವಾಲಯದ ಓಲಗದವನ ಮಗನೂ ಚರ್ಚಿನ ಗಾಯಕವೃಂದದಲ್ಲಿ ಪಿಟೀಲು ಕಲಿತವನೂ ಒಂದೇ ಬೆಂಚಿನ ಮೇಲೆ ಕುಳಿತು ನುಡಿಸಿದರು.

ಕನ್ನಡಿಗರು ಈ ಪುಟವನ್ನು ನಿಧಾನವಾಗಿ ಓದಬೇಕು. 1954 ರ ‘ಬೇಡರ ಕಣ್ಣಪ್ಪ’ದ ಕಾಲದಿಂದ ಮುಂದಕ್ಕೆ ಅನೇಕ ವರ್ಷಗಳ ತನಕ ನಮ್ಮ ಚಿತ್ರಗೀತೆಗಳು ಹೆಚ್ಚಾಗಿ ಸಿದ್ಧವಾಗುತ್ತಿದ್ದುದು ಮದರಾಸಿನಲ್ಲಿ. ರಾಜಕುಮಾರರ ಕಂಠವೆಂದು ನಾವು ನಂಬಿದ್ದ ಪಿ. ಬಿ. ಶ್ರೀನಿವಾಸರು ಅಲ್ಲಿಯೇ ನೆಲೆಸಿದವರು. ನಮ್ಮ ಜಿ. ಕೆ. ವೆಂಕಟೇಶರು ಅಲ್ಲಿ ಕೆಲಸ ಮಾಡುತ್ತಿದ್ದಾಗ ಅವರ ಕೈಕೆಳಗೆ ಪಳಗಿದ ತರುಣನೇ 1976 ರ ‘ಅನ್ನಕ್ಕಿಳಿ’ಯಿಂದ ಪ್ರಖ್ಯಾತನಾದ ಇಳಯರಾಜನು. ಕಲೆಗೆ ಗಡಿಯಿಲ್ಲವೆಂಬುದಕ್ಕೆ ಇದು ಸಾಕ್ಷಿ. ಅದರಲ್ಲಿ ನಮಗೆ ಹೆಮ್ಮೆಯೇ ಇದೆ. ಆದರೆ ಕನ್ನಡದ ಪ್ರೇಕ್ಷಕನು ದಾವಣಗೆರೆಯಲ್ಲಿಯೂ ಹುಬ್ಬಳ್ಳಿಯಲ್ಲಿಯೂ ಕೊಟ್ಟ ಹಣದ ಒಂದು ಭಾಗವು ಅಷ್ಟು ವರ್ಷ ಬೇರೊಂದು ಪಟ್ಟಣದ ವಾದ್ಯಗಾರರ ಮನೆಯ ಒಲೆಯನ್ನು ಉರಿಸಿತೆಂಬುದೂ ಅಷ್ಟೇ ನಿಜ. ತಪ್ಪು ಆ ಪಟ್ಟಣದ್ದಲ್ಲ. ಅಲ್ಲಿ ಯಂತ್ರವಿದ್ದಿತು, ಜನವಿದ್ದಿತು, ನಮ್ಮಲ್ಲಿ ಸಾಕಷ್ಟು ಇರಲಿಲ್ಲ. ಶಂಕರನಾಗರು ಬೆಂಗಳೂರಿನಲ್ಲಿ ‘ಸಂಕೇತ್’ ಧ್ವನಿಮುದ್ರಣಾಲಯವನ್ನು ಕಟ್ಟಿದುದು ಈ ಕೊರತೆಯನ್ನು ಕಂಡವರ ಕೆಲಸ. ಉದ್ಯಮವು ಮಾತಿನಿಂದ ಊರಿಗೆ ಬರುವುದಿಲ್ಲ. ಉಪಕರಣದಿಂದಲೂ ಪಳಗಿದ ಕೈಗಳಿಂದಲೂ ಬರುತ್ತದೆ.

ಸಂಸ್ಕೃತಿಯ ದೃಷ್ಟಿಯಿಂದ ಮದರಾಸು ಮಾಡಿದ ಉಪಕಾರವನ್ನು ಅಲ್ಲಗಳೆಯಲಾಗದು. ಅರಿಯಕುಡಿ ರಾಮಾನುಜ ಅಯ್ಯಂಗಾರ್ಯರು ಕಚೇರಿಗೆ ಒಂದು ಕಟ್ಟನ್ನು ಕೊಟ್ಟರು; ಅಕಾಡೆಮಿಯು 1930 ರಿಂದ ಪ್ರಕಟಿಸಿದ ಪತ್ರಿಕೆಯು ಶಾಸ್ತ್ರವಿಚಾರಕ್ಕೆ ವೇದಿಕೆಯಾಯಿತು. ನಮ್ಮ ಮೈಸೂರು ವಾಸುದೇವಾಚಾರ್ಯರು ಮುಪ್ಪಿನಲ್ಲಿ ಅಲ್ಲಿನ ಕಲಾಕ್ಷೇತ್ರಕ್ಕೆ ಹೋಗಿ ಪಾಠ ಹೇಳಿದರು. ಏಳು ತಂತಿಯ ಪಿಟೀಲಿನ ಚೌಡಯ್ಯನವರಿಗೆ 1957 ರಲ್ಲಿ ‘ಸಂಗೀತ ಕಲಾನಿಧಿ’ ಬಿರುದು ಸಂದಿತು. ಆ ಪಟ್ಟಣದ ಯಾವ ಮಗುವೇ ಆಗಲಿ ಸಂಗೀತಕ್ಕೆ ಕುಳಿತರೆ, ಪುರಂದರದಾಸರು ಹಾಕಿಕೊಟ್ಟರೆಂದು ಸಂಪ್ರದಾಯವು ಹೇಳುವ ಮಾಯಾಮಾಳವಗೌಳದ ಸರಳೆಯಿಂದಲೇ ಮೊದಲುಮಾಡುತ್ತದೆ. ಭಾಷೆಯ ಪ್ರಶ್ನೆಯನ್ನೂ ಆ ಪಟ್ಟಣವು ಎದುರಿಸಿತು: ತಮಿಳುನಾಡಿನಲ್ಲಿ ತಮಿಳು ಹಾಡಿಗೆ ಏಕೆ ಎಡೆ ಕಡಿಮೆಯೆಂದು ಕೇಳಿ ರಾಜಾ ಸರ್ ಅಣ್ಣಾಮಲೆ ಚೆಟ್ಟಿಯಾರರು ಮೊದಲಾದವರು 1943 ರಲ್ಲಿ ತಮಿಳು ಇಶೈ ಸಂಘವನ್ನು ಸ್ಥಾಪಿಸಿದರು. ಆಗ ವಾದವು ಬಹಳ ಬಿಸಿಯಾಗಿ ನಡೆಯಿತು. ಆದರೆ ಅದರಿಂದ ಸಂಗೀತವು ಸೊರಗಲಿಲ್ಲ, ಹಾಡುಗಳ ಭಂಡಾರವು ಬೆಳೆಯಿತು.

ಆಯದ ಪುಟಗಳು ಇಲ್ಲಿಗೆ ಮುಗಿದುವು. ವ್ಯಯದ ಪುಟವನ್ನು ಮುಚ್ಚಿಟ್ಟರೆ ಲೆಕ್ಕವು ಸುಳ್ಳಾಗುತ್ತದೆ.

ಮೊದಲನೆಯದಾಗಿ, ಈ ಕಲೆಯನ್ನು ತಲೆಮಾರುಗಳಿಂದ ಕಾಪಾಡಿದ ದೇವದಾಸಿ ಮನೆತನದ ಸ್ತ್ರೀಯರು. ವೀಣೆ ಧನಮ್ಮಾಳರ ಮನೆಯು ಒಂದು ವಿದ್ಯಾಪೀಠವೇ ಆಗಿದ್ದಿತು. ನಂಜನಗೂಡಿನಲ್ಲಿ ಹುಟ್ಟಿದ ಬೆಂಗಳೂರು ನಾಗರತ್ನಮ್ಮನವರು ಮದರಾಸಿನಲ್ಲಿ ಹಾಡಿ ಗಳಿಸಿದ ಹಣವನ್ನು ತಿರುವಯ್ಯಾರಿನಲ್ಲಿ ತ್ಯಾಗರಾಜರ ಸಮಾಧಿಮಂದಿರಕ್ಕೆ ಸುರಿದರು. 1947 ರಲ್ಲಿ ಮದರಾಸು ಶಾಸನಸಭೆಯು ದೇವದಾಸಿ ಪದ್ಧತಿಯನ್ನು ಕಾನೂನಿನಿಂದ ನಿಲ್ಲಿಸಿತು. ಆ ಕಾನೂನಿನ ನ್ಯಾಯದಲ್ಲಿ ನಮಗೆ ಸಂಶಯವಿಲ್ಲ. ಆದರೆ ಪದ್ಧತಿಯು ಹೋದಾಗ ಆ ಮನೆತನದ ವಿದ್ಯಾವಂತೆಯರಿಗೆ ಬೇರೆ ಪೀಠವನ್ನು ಹಾಕಿಕೊಡುವ ಹೊಣೆಯನ್ನು ಸಮಾಜವು ಹೊರಲಿಲ್ಲ. ವಿದ್ಯೆಯು ಇತರರ ಮನೆಗೆ ಬಂದಿತು. ವಿದ್ಯೆ ಕೊಟ್ಟವರಲ್ಲಿ ಬಹುಮಂದಿ ಬಾಗಿಲಿನ ಹೊರಗೆ ಉಳಿದರು.

ಎರಡನೆಯದಾಗಿ, ವಾದ್ಯ ಮಾಡುವವರು. ಹಲಸಿನ ಮರದಿಂದ ಕಡೆಯುವ ತಂಜಾವೂರಿನ ವೀಣೆಗೆ 2013 ರಲ್ಲಿ ಭೌಗೋಳಿಕ ಗುರುತಿನ ರಕ್ಷೆ ದೊರೆಯಿತು. ನರಸಿಂಗಪೇಟೆಯ ನಾಗಸ್ವರಕ್ಕೆ 2022 ರಲ್ಲಿಯೂ ಮಾನಾಮದುರೆಯ ಘಟಕ್ಕೆ 2023 ರಲ್ಲಿಯೂ ದೊರೆಯಿತು. ವಾದ್ಯಕ್ಕೆ ಗೌರವ ಬಂದಿತು, ಸಂತೋಷ. ಮೃದಂಗದ ಸಂಗತಿಯನ್ನು ನೋಡಿರಿ. ಹಸು, ಎಮ್ಮೆ, ಆಡು ಈ ಮೂರರ ಚರ್ಮವೂ ಸೇರದೆ ಅದು ನುಡಿಯುವುದಿಲ್ಲ. ಆ ಚರ್ಮವನ್ನು ಹದಮಾಡಿ ಮುಚ್ಚಿಗೆ ಕಟ್ಟುವವರಲ್ಲಿ ದಲಿತ ಕ್ರೈಸ್ತ ಕುಟುಂಬದವರು ಬಹುಮಂದಿ. ಅವರ ಚರಿತ್ರೆಯನ್ನು ಟಿ. ಎಂ. ಕೃಷ್ಣರು 2020 ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ವಿವರಿಸಿರುವರು. ವಾದ್ಯವನ್ನು ಪೂಜಿಸಿ, ಅದನ್ನು ಮಾಡಿದ ಕೈಯನ್ನು ಹಿತ್ತಿಲಿನಲ್ಲಿ ನಿಲ್ಲಿಸುವುದು ಯಾವ ಧರ್ಮ? ಶ್ರುತಿಯು ಕೂಡಿದ ಕೀರ್ತಿ ವಿದ್ವಾಂಸನಿಗೆ, ತಪ್ಪಿದ ಬೈಗುಳ ಕಟ್ಟಿದವನಿಗೆ ಎಂಬ ವ್ಯವಸ್ಥೆಯಲ್ಲಿ ಆ ಕಸುಬಿಗೆ ಅವನ ಮಗನು ಏತಕ್ಕೆ ಬರಬೇಕು?

ಮೂರನೆಯದಾಗಿ, ಕಿರಿಯರು ಮತ್ತು ಪಕ್ಕವಾದ್ಯದವರು. ಹೆಸರಾದ ಗಾಯಕರಿಗೆ ದೊಡ್ಡ ಸಂಭಾವನೆ. ಮಧ್ಯಾಹ್ನದ ತರುಣನಿಗೆ ಗಾಡಿಯ ಬಾಡಿಗೆಯೂ ಹುಟ್ಟದಂಥ ಕಾಣಿಕೆ. ಕೆಲವೆಡೆ ವೇದಿಕೆ ಸಿಕ್ಕಬೇಕಾದರೆ ಹಾಡುವವನೇ ‘ದೇಣಿಗೆ’ ಕೊಡಬೇಕಾಗುತ್ತದೆಂಬ ದೂರು ಅಲ್ಲಿಯ ಪತ್ರಿಕೆಗಳಲ್ಲಿ ಮತ್ತೆ ಮತ್ತೆ ಬಂದಿರುತ್ತದೆ. ಚಿತ್ರಸಂಗೀತದಲ್ಲಿ ಯಂತ್ರವಾದ್ಯವು ಬಂದ ಮೇಲೆ ಪಿಟೀಲಿನ ಸಾಲುಗಳು ಕರಗಿದುವು. 2012 ರ ಹಕ್ಕುಸ್ವಾಮ್ಯ ತಿದ್ದುಪಡಿಯು ಗೀತಕಾರನಿಗೂ ಸಂಗೀತ ನಿರ್ದೇಶಕನಿಗೂ ಬಿಟ್ಟುಕೊಡಲಾಗದ ಗೌರವಧನದ ಹಕ್ಕನ್ನು ಕೊಟ್ಟಿತು. ಆದರೆ ಹಾಡಿನ ಹಿಂದೆ ನುಡಿಸಿ ಕೂಲಿ ಪಡೆದು ಮನೆಗೆ ಹೋದವನ ಹೆಸರನ್ನು ಕೇಳುವವರೇ ಇಲ್ಲ. 2018 ರಲ್ಲಿ ಶಿಷ್ಯೆಯರೂ ಕಲಾವಿದೆಯರೂ ತಮಗಾದ ಅವಮಾನವನ್ನು ಬಹಿರಂಗವಾಗಿ ಹೇಳಿದಾಗ, ಆಪಾದಿತರಾದ ಕೆಲವು ಕಲಾವಿದರನ್ನು ಅಕಾಡೆಮಿಯು ಆ ವರ್ಷದ ಕಾರ್ಯಕ್ರಮದಿಂದ ಕೈಬಿಟ್ಟಿತು. 2020 ರ ಮಹಾಮಾರಿಯಲ್ಲಿ ಸಭಾಂಗಣಗಳು ಮುಚ್ಚಿ ಕಚೇರಿಗಳು ಅಂತರಜಾಲಕ್ಕೆ ಏರಿದಾಗ, ದಿನದ ಸಂಪಾದನೆಯಿಂದ ಬದುಕುವ ವಾದ್ಯಗಾರನ ಕೈಯಲ್ಲಿ ಏನೂ ಇಲ್ಲವೆಂಬುದು ಎಲ್ಲರಿಗೂ ಗೋಚರವಾಯಿತು.

ಮದರಾಸು ಒಂದೇ ಪಟ್ಟಣವೂ ಅಲ್ಲ. ಉತ್ತರ ಭಾಗದ ಕೂಲಿಕಾರರ ಕೇರಿಗಳಲ್ಲಿ ಹುಟ್ಟಿದ ‘ಗಾನಾ’ ಹಾಡುಗಳಿಗೆ ಮೈಲಾಪುರದ ಸಭೆಗಳಲ್ಲಿ ಬಹುಕಾಲ ಎಡೆಯಿರಲಿಲ್ಲ. 2015 ರಲ್ಲಿ ಊರೂರು ಆಲ್ಕಾಟ್ ಕುಪ್ಪವೆಂಬ ಬೆಸ್ತರ ಕೇರಿಯಲ್ಲಿ ಎಲ್ಲ ಬಗೆಯ ಸಂಗೀತವನ್ನೂ ಕೂಡಿಸಿ ಒಂದು ಉತ್ಸವವನ್ನು ಆರಂಭಿಸಿದರು. ಕಲೆಯು ಒಂದು ಬಡಾವಣೆಯ ಸ್ವತ್ತಾಗಿರುವ ತನಕ ಅದು ನಗರದ ಸಂಪತ್ತೆನಿಸಲಾರದು.

ಈಗ ನಮ್ಮ ಮನೆಯ ಕಡೆಗೆ ನೋಡೋಣ. ಬೆಂಗಳೂರಿನ ಗಾಯನ ಸಮಾಜವು 1905 ರಲ್ಲಿ ಹುಟ್ಟಿದುದು, ಮದರಾಸಿನ ಅಕಾಡೆಮಿಗಿಂತ ಹಿರಿಯದು. ಚಾಮರಾಜಪೇಟೆಯ ಶ್ರೀರಾಮಸೇವಾ ಮಂಡಲಿಯ ರಾಮನವಮಿ ಉತ್ಸವವು 1939 ರಿಂದ ನಡೆದುಬಂದಿರುತ್ತದೆ. ಧಾರವಾಡದ ಸೀಮೆಯಂತೂ ಹಿಂದುಸ್ತಾನಿ ಗಾಯಕರ ಗಣಿ. ಆದರೂ ಕುಂದಗೋಳದ ಸವಾಯಿ ಗಂಧರ್ವರ ಹೆಸರಿನಲ್ಲಿ, ಗದಗಿನ ನೆಲದಿಂದ ಹೋದ ಭೀಮಸೇನ ಜೋಶಿಯವರು 1953 ರಿಂದ ಬೆಳೆಸಿದ ಮಹೋತ್ಸವವು ಎಲ್ಲಿ ನಡೆಯುತ್ತಿದೆ? ಪುಣೆಯಲ್ಲಿ. ಗುರು ನಮ್ಮವರು, ಶಿಷ್ಯರು ನಮ್ಮವರು. ವಸತಿಗೃಹ ತುಂಬುವುದು ಮಾತ್ರ ಅಲ್ಲಿ. ಇದರಲ್ಲಿ ಪುಣೆಯವರ ಮೇಲೆ ನಮಗೆ ಅಸೂಯೆಯಿಲ್ಲ. ಅವರು ಕಿವಿಗೊಟ್ಟರು, ಹಣಕೊಟ್ಟರು, ಚಳಿಯಲ್ಲಿ ಕುಳಿತರು. ನಾವು ಹಿತ್ತಲ ಗಿಡ ಮದ್ದಲ್ಲವೆಂದು ಎದ್ದುಹೋದೆವು.

ಆದುದರಿಂದ ನಮ್ಮ ಸೂಚನೆಗಳು ಕೆಲವೇ. ಸಾರ್ವಜನಿಕ ಧನದಿಂದ ನಡೆಯುವ ಪ್ರತಿಯೊಂದು ಉತ್ಸವದಲ್ಲಿಯೂ ಮುಖ್ಯ ಗಾಯಕನಿಂದ ತಂಬೂರಿಯವನ ತನಕ ಯಾರಿಗೆ ಎಷ್ಟು ಸಂಭಾವನೆಯೆಂಬುದನ್ನು ಪ್ರಕಟಿಸಲಿ. ಪಕ್ಕವಾದ್ಯದವರಿಗೆ ಇಷ್ಟಕ್ಕೆ ಕಡಿಮೆಯಿಲ್ಲವೆಂಬ ಒಂದು ಪ್ರಮಾಣವನ್ನು ಗೊತ್ತುಮಾಡಲಿ. ಪ್ರತಿಯೊಂದು ಜಿಲ್ಲಾ ಪಟ್ಟಣದಲ್ಲಿಯೂ ಇನ್ನೂರು ಮಂದಿ ಕೂರುವ, ಸ್ವಲ್ಪ ಬಾಡಿಗೆಗೆ ಸಿಕ್ಕುವ, ಧ್ವನಿ ಸರಿಯಾಗಿ ಕೇಳುವ ಒಂದು ಅಂಗಣವಿರಲಿ. ದೊಡ್ಡ ಸೌಧಕ್ಕೆ ಶಿಲಾನ್ಯಾಸ ಮಾಡಿ ಬೀಗ ಹಾಕುವುದು ಬೇಡ. ವಾದ್ಯ ಮಾಡುವವನ ಹೆಸರು ಕರಪತ್ರದಲ್ಲಿ ಅಚ್ಚಾಗಲಿ. ಅವನನ್ನು ವೇದಿಕೆಗೆ ಕರೆಯಲಿ. ತತ್ತ್ವಪದ, ಡೊಳ್ಳು, ಶಹನಾಯಿ, ತೊಗಲ ವಾದ್ಯಗಳವರು ಶಾಸ್ತ್ರೀಯ ವಿದ್ವಾಂಸರ ಪಕ್ಕದಲ್ಲಿ ಅದೇ ಸಂಭಾವನೆಗೆ ಅದೇ ಹೊತ್ತಿನಲ್ಲಿ ಕೂರಲಿ.

ಕೊನೆಗೆ ರಸಿಕ ಮಹಾಶಯರಿಗೆ ಒಂದು ಮಾತು. ಉಚಿತ ಪಾಸಿಗಾಗಿ ಅಧಿಕಾರಿಯ ಮನೆಯ ಬಾಗಿಲು ತಟ್ಟುವುದು ನಮ್ಮ ಊರುಗಳ ಹಳೆಯ ರೋಗ. ಪತ್ರಿಕೆಯೊಂದನ್ನು ನಡೆಯಿಸುವ ನಾವು ಇದನ್ನು ಚೆನ್ನಾಗಿ ಬಲ್ಲೆವು. ನೆರೆಯವನ ಪ್ರತಿಯನ್ನು ಓದಿ ಪತ್ರಿಕೆಯು ಬಾಳಲೆಂದು ಹರಸುವವರಿಂದ ಕಾಗದದ ಬೆಲೆಯಾಗಲಿ ಅಕ್ಷರ ಜೋಡಿಸುವವನ ಸಂಬಳವಾಗಲಿ ಹುಟ್ಟಿದುದಿಲ್ಲ. ಸಂಗೀತವೂ ಹಾಗೆಯೇ. ಎರಡು ಗಂಟೆಯ ಕಚೇರಿಯ ಹಿಂದೆ ಇಪ್ಪತ್ತು ವರ್ಷಗಳ ಸಾಧನೆಯಿರುತ್ತದೆ. ಆ ಇಪ್ಪತ್ತು ವರ್ಷ ಆ ಮನೆಯಲ್ಲಿ ಒಲೆ ಉರಿದಿರಬೇಕು. ಕೈ ತುಂಬ ಚಪ್ಪಾಳೆ ಕೊಡುವವರು ಜೇಬಿನಿಂದ ಚೀಟಿಯ ಹಣವನ್ನೂ ಕೊಡಲಿ. ಇಷ್ಟಾದರೆ ನಮ್ಮ ನಗರಗಳು ಯಾವ ಬಿರುದನ್ನೂ ಬೇಡಬೇಕಾದುದಿಲ್ಲ.