ಊರೇ ಕೊಂಡ ಸ್ಕೀ ಬೆಟ್ಟ

ಅಮೆರಿಕದ ಈಶಾನ್ಯ ಮೂಲೆಯ ವರ್ಮಾಂಟ್ ರಾಜ್ಯದಲ್ಲಿ, ಕನೆಕ್ಟಿಕಟ್ ನದಿಯ ಪಕ್ಕಕ್ಕೆ ಅಸ್ಕಟ್ನಿ ಎಂಬ ಬೆಟ್ಟವಿದೆ. ಎತ್ತರ ಸುಮಾರು 3,140 ಅಡಿ. ನಮ್ಮ ನಂದಿಬೆಟ್ಟ 4,800 ಅಡಿ ದಾಟುತ್ತದೆ, ಮುಳ್ಳಯ್ಯನಗಿರಿ 6,300 ಅಡಿ. ಅವುಗಳ ಮುಂದೆ ಅಸ್ಕಟ್ನಿ ಗಿಡ್ಡ. ಆದರೆ ಅದು ಯಾವ ಸಾಲಿಗೂ ಸೇರದೆ ಒಂಟಿಯಾಗಿ ನಿಂತ ಬೆಟ್ಟವಾದ್ದರಿಂದ ಬಹಳ ದೂರದಿಂದಲೇ ಕಣ್ಣಿಗೆ ಬೀಳುತ್ತದೆ. ಸುಮಾರು 12 ಕೋಟಿ ವರ್ಷಗಳ ಹಿಂದೆ ನೆಲದಾಳದಿಂದ ಉಕ್ಕಿದ ಶಿಲಾರಸ ಮೇಲೆ ಬರುವ ಮೊದಲೇ ಹೆಪ್ಪುಗಟ್ಟಿತು. ಸುತ್ತಲಿನ ಮೆದು ಕಲ್ಲೆಲ್ಲ ಕಾಲಕ್ರಮದಲ್ಲಿ ಸವೆದುಹೋಗಿ ಈ ಗಟ್ಟಿ ಗುಂಡಿಗೆಯಷ್ಟೇ ಉಳಿಯಿತು. ನದಿಯಾಚೆಯ ಕಾರ್ನಿಷ್ ಊರಿನಲ್ಲಿ ನೆಲೆಸಿದ್ದ ಶಿಲ್ಪಿ ಸೇಂಟ್-ಗಾಡನ್ಸ್ ಅವರ ಮನೆಯ ಜಗುಲಿಯಿಂದ ಕಾಣುವುದು ಈ ಬೆಟ್ಟವೇ.

ಭೂಮಧ್ಯರೇಖೆಯಿಂದ ಅಷ್ಟು ಉತ್ತರಕ್ಕಿರುವುದರಿಂದ ಈ ಎತ್ತರಕ್ಕೇ ಅಲ್ಲಿ ಚಳಿಗಾಲವಿಡೀ ಹಿಮ ಬೀಳುತ್ತದೆ. ಹಿಮವಿದ್ದ ಕಡೆ ಇಳಿಜಾರಿದ್ದರೆ ಜನ ಸ್ಕೀ ಕಟ್ಟಿಕೊಂಡು ಜಾರುತ್ತಾರೆ. ಜಾರುವುದು ಸುಲಭ, ಮತ್ತೆ ಮೇಲೆ ಹತ್ತುವುದೇ ಕಷ್ಟ. ಆ ಕಷ್ಟಕ್ಕೆ ಒಂದು ಪರಿಹಾರ ಸಿಕ್ಕಿದ್ದು ಇದೇ ಜಿಲ್ಲೆಯಲ್ಲಿ. 1934ರಲ್ಲಿ ಹತ್ತಿರದ ವುಡ್‌ಸ್ಟಾಕ್‌ನ ಹುಲ್ಲುಗಾವಲೊಂದರಲ್ಲಿ ಹಳೆಯ ಫೋರ್ಡ್ ಮಾಡೆಲ್-ಟಿ ಕಾರಿನ ಎಂಜಿನ್ನಿಗೆ ಉದ್ದನೆಯ ಹಗ್ಗ ಸುತ್ತಿ ತಿರುಗಿಸಿದರು. ದೇಶದ ಮೊದಲ 'ರೋಪ್ ಟೋ' ಅದು. ಕೆಳಗೂ ಮೇಲೂ ಗಾಲಿಗಳು, ನಡುವೆ ನಿಲ್ಲದೆ ಓಡುವ ಹಗ್ಗ. ಅದನ್ನು ಹಿಡಿಯುವುದಕ್ಕೂ ಒಂದು ಕ್ರಮವಿದೆ. ಒಮ್ಮೆಲೇ ಬಿಗಿಹಿಡಿದರೆ ತೋಳು ಕಿತ್ತುಬರುವಂಥ ಜಗ್ಗು, ಮುಖ ಅಡಿಯಾಗಿ ಬೀಳುವುದು ಖಂಡಿತ. ಹಗ್ಗ ಮೊದಲು ಕೈಗವಸಿನೊಳಗೆ ಜಾರಿಹೋಗಲು ಬಿಡಬೇಕು, ನಿಧಾನಕ್ಕೆ ಮುಷ್ಟಿ ಬಿಗಿಮಾಡುತ್ತ ಹೋಗಬೇಕು, ಆಗ ಅದು ನಮ್ಮನ್ನು ತನ್ನ ವೇಗಕ್ಕೆ ಒಗ್ಗಿಸಿಕೊಂಡು ಎಳೆದೊಯ್ಯುತ್ತದೆ. ಕೈಗವಸಿನ ಅಂಗೈ ಬೇಗ ಸವೆಯುತ್ತದೆ ಎಂದು ಬಲ್ಲವರು ದಪ್ಪ ಚರ್ಮದ್ದನ್ನೇ ಹಾಕಿಕೊಂಡು ಬರುತ್ತಾರೆ.

ಅಸ್ಕಟ್ನಿಯ ಬುಡದಲ್ಲಿ ವೆಸ್ಟ್ ವಿಂಡ್ಸರ್ ಎಂಬ ಪುಟ್ಟ ಪಟ್ಟಣ ಪಂಚಾಯಿತಿ. ಒಂದೂವರೆ ಸಾವಿರಕ್ಕೂ ಕಡಿಮೆ ಜನ. ಅದರ ಮುಖ್ಯ ಹಳ್ಳಿ ಬ್ರೌನ್ಸ್‌ವಿಲ್. ಅಲ್ಲಿ 1946ರಲ್ಲಿ ಸ್ಕೀ ತಾಣ ಶುರುವಾದಾಗ ಇದ್ದದ್ದೂ ಹಗ್ಗವೇ. ಮುಂದಿನ ದಶಕಗಳಲ್ಲಿ ತಾಣ ಬೆಳೆಯಿತು. ಕುರ್ಚಿ ಲಿಫ್ಟುಗಳು ಬಂದವು, ಯಂತ್ರದಿಂದ ಹಿಮ ತೂರುವ ವ್ಯವಸ್ಥೆ ಬಂತು, 1980ರ ದಶಕದಲ್ಲಿ ಬುಡದಲ್ಲಿ ಹೋಟೆಲು, ಸಾಲು ಸಾಲು ಅಪಾರ್ಟ್‌ಮೆಂಟುಗಳು ಎದ್ದವು. ಸಾಲವೂ ಬೆಳೆಯಿತು. 1990ರ ದಶಕದ ಆರಂಭದಲ್ಲಿ ತಾಣ ದಿವಾಳಿಯಾಗಿ ಮುಚ್ಚಿತು. ಹೊಸ ಮಾಲೀಕರು ಮತ್ತೆ ತೆರೆದರು. ಸುತ್ತಲಿನ ದೊಡ್ಡ ತಾಣಗಳಿಗೆ ಸರಿಸಾಟಿಯಾಗಬೇಕೆಂದು 2000ದಲ್ಲಿ ನಾಲ್ಕು ಜನ ಕೂರುವ ವೇಗದ ಲಿಫ್ಟ್ ಹಾಕಿಸಿದರು. ಇಳಿಜಾರಿನ ಒಟ್ಟು ಎತ್ತರ 1,800 ಅಡಿಗೆ ಏರಿತು. 2010ರಲ್ಲಿ ಸಾಲ ಕೊಟ್ಟವರ ವಶಕ್ಕೆ ಹೋಗಿ ಎಲ್ಲವೂ ನಿಂತಿತು.

ಸೋಲಿಗೆ ಕಾರಣ ಹುಡುಕಲು ಕಷ್ಟಪಡಬೇಕಿಲ್ಲ. ವರ್ಮಾಂಟಿನ ಬೆನ್ನೆಲುಬಾದ ಗ್ರೀನ್ ಮೌಂಟನ್ಸ್ ಸಾಲು ಪಶ್ಚಿಮದಿಂದ ಬರುವ ಮೋಡಗಳನ್ನು ಮೊದಲು ತಡೆದುಕೊಳ್ಳುತ್ತದೆ. ಹಿಮದ ದೊಡ್ಡ ಪಾಲು ಕಿಲ್ಲಿಂಗ್ಟನ್, ಒಕಿಮೊ ಮುಂತಾದ ದೊಡ್ಡ ತಾಣಗಳಿರುವ ಆ ಸಾಲಿಗೇ ಸಿಗುತ್ತದೆ. ಪೂರ್ವಕ್ಕೆ ಒಂಟಿಯಾಗಿರುವ ಅಸ್ಕಟ್ನಿಗೆ ಬರುವುದು ಉಳಿದದ್ದು. ಕೊರತೆ ತುಂಬಲು ಹಿಮಯಂತ್ರ ಬೇಕು. ಅದಕ್ಕೆ ನೀರು, ಒತ್ತಡದ ಗಾಳಿ, ವಿದ್ಯುತ್ತು ಹೇರಳವಾಗಿ ಬೇಕು, ಜೊತೆಗೆ ಚಳಿಯೂ ಸಾಕಷ್ಟಿರಬೇಕು. ಬೆಟ್ಟ ದುಡಿದುಕೊಡಬಲ್ಲದ್ದಕ್ಕಿಂತ ಹೆಚ್ಚಿನ ಭಾರವನ್ನು ಅದರ ಮೇಲೆ ಹೇರಿದ್ದರು ಎಂದೇ ನನಗೆ ಅನ್ನಿಸುತ್ತದೆ.

ತಾಣ ಮುಚ್ಚಿದ ಮೇಲೆ ಊರು ಪಟ್ಟ ಪಾಡು ಸಣ್ಣದಲ್ಲ. ವೇಗದ ಲಿಫ್ಟನ್ನು ಬಿಚ್ಚಿ ಪಕ್ಕದ ನ್ಯೂ ಹ್ಯಾಂಪ್‌ಶೈರ್ ರಾಜ್ಯದ ಕ್ರಾಚೆಡ್ ಮೌಂಟನ್‌ಗೆ ಸಾಗಿಸಿದರು. ಅಪಾರ್ಟ್‌ಮೆಂಟುಗಳ ಬೆಲೆ ಕುಸಿಯಿತು, ಅದರ ಹಿಂದೆಯೇ ಊರಿನ ತೆರಿಗೆಯ ಲೆಕ್ಕಾಚಾರವೂ ತಲೆಕೆಳಗಾಯಿತು. ಹಾಲು, ಬ್ರೆಡ್ಡಿಗೆ ಇದ್ದ ಒಂದು ಅಂಗಡಿಯೂ ಬಾಗಿಲೆಳೆದುಕೊಂಡಿತು. ಜಾರುದಾರಿಗಳಲ್ಲಿ ಬರ್ಚ್ ಸಸಿಗಳು, ಮುಳ್ಳುಪೊದೆಗಳು ಆಳೆತ್ತರ ಬೆಳೆದವು. 2015ರ ಜನವರಿಯಲ್ಲಿ ಬುಡದ ಹಳೆಯ ಲಾಡ್ಜ್ ಕಟ್ಟಡವೂ ಬೆಂಕಿಗೆ ಆಹುತಿಯಾಯಿತು.

ವರ್ಮಾಂಟಿನ ಹಳ್ಳಿಗಳಲ್ಲಿ 'ಟೌನ್ ಮೀಟಿಂಗ್' ಎಂಬ ಹಳೆಯ ಪದ್ಧತಿಯಿದೆ. ನಮ್ಮ ಗ್ರಾಮಸಭೆಯಂತೆ ಊರಿನ ಮತದಾರರೆಲ್ಲ ಒಂದೆಡೆ ಸೇರುತ್ತಾರೆ. ರಸ್ತೆ ರಿಪೇರಿಯಿಂದ ಹಿಡಿದು ಆಯವ್ಯಯದವರೆಗೆ ಅಲ್ಲಿಯೇ ಚರ್ಚೆ, ಅಲ್ಲಿಯೇ ಮತ, ಅಲ್ಲಿ ಆದದ್ದೇ ತೀರ್ಮಾನ. ಬೆಟ್ಟವನ್ನು ಊರೇ ಕೊಳ್ಳಬೇಕೋ ಬೇಡವೋ ಎಂಬುದನ್ನೂ ಮತದಾರರೇ ಹೀಗೆ ನಿರ್ಧರಿಸಿದರು. ಕೊಳ್ಳೋಣ ಎಂದವರದು ದೊಡ್ಡ ಬಹುಮತ. ಊರಿನ ಬೊಕ್ಕಸದಿಂದ 1,05,000 ಡಾಲರ್ ತೆಗೆದಿಟ್ಟರು. ಉಳಿದ ಹಣ ಹೊಂದಿಸಲು 'ಟ್ರಸ್ಟ್ ಫಾರ್ ಪಬ್ಲಿಕ್ ಲ್ಯಾಂಡ್' ಎಂಬ ರಾಷ್ಟ್ರೀಯ ಸಂಸ್ಥೆ ಹೆಗಲು ಕೊಟ್ಟಿತು. 2015ರಲ್ಲಿ 469 ಎಕರೆ ಬೆಟ್ಟ ಊರಿನದಾಗಿ, ಮೊದಲೇ ಇದ್ದ ಊರಕಾಡಿನೊಂದಿಗೆ ಕೂಡಿಕೊಂಡಿತು. ಮುಂದೆಂದೂ ಅಲ್ಲಿ ಕಟ್ಟಡಗಳ ಸಾಲು ಏಳದಂತೆ ಕರಾರೂ ಆಯಿತು. ಈ ಕರಾರನ್ನು ನಾನು ಬಹಳ ಮೆಚ್ಚುತ್ತೇನೆ. ನಾಳೆ ಯಾರಿಗಾದರೂ ಮತ್ತೆ ದೊಡ್ಡ ಆಸೆ ಹುಟ್ಟಿದರೂ ಬೆಟ್ಟ ಅದಕ್ಕೆ ಸಿಗುವುದಿಲ್ಲ.

ತಾಣವನ್ನು ನೋಡಿಕೊಳ್ಳುವ ಹೊಣೆ ಈಗ 'ಅಸ್ಕಟ್ನಿ ಔಟ್‌ಡೋರ್ಸ್' ಎಂಬ ಲಾಭರಹಿತ ಸಂಸ್ಥೆಯದು. ಹೆಚ್ಚಿನ ಕೆಲಸ ಸ್ವಯಂಸೇವಕರದು. ಅವರು ಮೊದಲು ಹಾಕಿದ್ದು ಮತ್ತೆ ಅದೇ ಹಗ್ಗವನ್ನು. ಅದು ನೆಲೆಯೂರಿದ ಮೇಲೆ, 2020ರ ಹೊತ್ತಿಗೆ, ಟಿ-ಬಾರ್ ಬಂತು. ಓಡುವ ಉಕ್ಕಿನ ಕೇಬಲ್ಲಿನಿಂದ ತಲೆಕೆಳಗಾದ 'ಟಿ' ಅಕ್ಷರದಂಥ ಕಂಬಿಗಳು ಇಳಿಬಿದ್ದಿರುತ್ತವೆ. ಇಬ್ಬರು ಅಕ್ಕಪಕ್ಕ ನಿಂತರೆ ಅಡ್ಡಕಂಬಿ ಪೃಷ್ಠಕ್ಕೆ ಆತುಕೊಂಡು ಮುಂದಕ್ಕೆ ತಳ್ಳುತ್ತದೆ. ಹೊಸಬರು ಅದನ್ನು ಆಸನವೆಂದು ತಿಳಿದು ಕೂರಲು ಹೋಗುತ್ತಾರೆ. ಕೂತರೆ ಕೆಳಗೆ. ನೆಟ್ಟಗೆ ನಿಂತು, ಮೊಣಕಾಲು ಸಡಿಲ ಬಿಟ್ಟು, ಸ್ಕೀ ಎರಡನ್ನೂ ಹಳಿಯಂತೆ ಸಮವಾಗಿಟ್ಟುಕೊಂಡರೆ ಸಾಕು, ಮಿಕ್ಕದ್ದನ್ನು ಕಂಬಿ ನೋಡಿಕೊಳ್ಳುತ್ತದೆ. ಪಕ್ಕದವರು ಅಪರಿಚಿತರಾದರೂ ಮೇಲೆ ತಲುಪುವಷ್ಟರಲ್ಲಿ ಎರಡು ಮಾತಾಗಿರುತ್ತದೆ.

ಹಿಂದೆ ಲಿಫ್ಟ್ 1,800 ಅಡಿ ಏರಿಸುತ್ತಿತ್ತು, ಟಿ-ಬಾರ್ ಏರಿಸುವುದು 400 ಅಡಿಗಿಂತ ಸ್ವಲ್ಪ ಹೆಚ್ಚು. ಮೇಲಿನ ಹಳೆಯ ದಾರಿಗಳು ಬೇಕಾದವರು ಸ್ಕೀಯ ಅಡಿಗೆ ಜಾರದಂಥ ಪಟ್ಟಿ ಅಂಟಿಸಿಕೊಂಡು ತಮ್ಮ ಕಾಲಬಲದಿಂದಲೇ ಹತ್ತುತ್ತಾರೆ. ಆ ದಾರಿಗಳಲ್ಲಿ ಬೆಳೆದ ಸಸಿಗಳನ್ನು ಹಿಮ ಬೀಳುವ ಮುನ್ನವೇ ಗರಗಸ, ಮಚ್ಚು ಹಿಡಿದು ಸವರುವವರೂ ಸ್ವಯಂಸೇವಕರೇ. ಶಾಲೆ ಬಿಟ್ಟ ಮೇಲೆ ಊರಿನ ಮಕ್ಕಳಿಗೆ ಸ್ಕೀ ಪಾಠವಿದೆ. ಬೇಸಿಗೆಯಲ್ಲಿ ಕಾಡಿನೊಳಗೆ ಮೈಲಿಗಟ್ಟಲೆ ಬೈಸಿಕಲ್ ದಾರಿಗಳಿವೆ. ಲಾಡ್ಜ್ ಸುಟ್ಟ ಜಾಗದ ಸನಿಹ ಹೊಸ ಕಟ್ಟಡ ಎದ್ದಿದೆ. ಮುಚ್ಚಿದ್ದ ಅಂಗಡಿ 2018ರಲ್ಲಿ ಹೊಸ ಹೆಸರಿನಲ್ಲಿ ತೆರೆಯಿತು.

ವರ್ಮಾಂಟ್ ಸೇರಿದ ನ್ಯೂ ಇಂಗ್ಲೆಂಡ್ ಪ್ರದೇಶದ ಆರು ರಾಜ್ಯಗಳಲ್ಲಿ ಹೀಗೆ ಶುರುವಾಗಿ ಅಳಿದುಹೋದ ಸ್ಕೀ ತಾಣಗಳು 600ಕ್ಕೂ ಹೆಚ್ಚು. ಉಳಿದವುಗಳಲ್ಲಿ ಹಲವು ದೊಡ್ಡ ಕಂಪನಿಗಳ ಕೈಯಲ್ಲಿವೆ. ಅಮೆರಿಕದ ದೊಡ್ಡ ತಾಣಗಳಲ್ಲಿ ಒಂದು ದಿನದ ಟಿಕೆಟ್ 200 ಡಾಲರ್ ದಾಟಿರುವುದೂ ಉಂಟು. ಸಾಧಾರಣ ಸಂಸಾರಸ್ಥರ ಮಕ್ಕಳು ಸ್ಕೀ ಕಲಿಯುವುದು ಇನ್ನೆಲ್ಲಿ? ಅಸ್ಕಟ್ನಿಯಂಥ ಕಡೆಯೇ ಕಲಿಯಬೇಕು. ಹೊಟ್ಟೆಪಾಡಿಗೆ ಕೂಲಿ ಮಾಡುವವರ ಮಗುವೂ ಬೆಟ್ಟದ ಮೇಲೆ ಹಕ್ಕಿನಿಂದ ಜಾರುವುದನ್ನು ನಾನು ಐಷಾರಾಮವೆಂದು ಕರೆಯಲಾರೆ.

ಹಾಗೆಂದು ಎಲ್ಲ ತೊಡಕೂ ತೀರಿಲ್ಲ. ಹಿಮಯಂತ್ರವಿಲ್ಲ, ಆಕಾಶ ಕೊಟ್ಟಷ್ಟೇ ಹಿಮ. ನ್ಯೂ ಇಂಗ್ಲೆಂಡಿನ ಚಳಿಗಾಲ ಬೆಚ್ಚಗಾಗುತ್ತಿದೆ, ಜನವರಿಯಲ್ಲಿ ಮಳೆ ಸುರಿದು ಬಿದ್ದ ಹಿಮ ಕೊಚ್ಚಿಹೋಗುವುದುಂಟು. ಆದರೆ ಹಿಮವಿಲ್ಲದ ವಾರ ಟಿ-ಬಾರ್ ಸುಮ್ಮನೆ ನಿಲ್ಲುತ್ತದೆ, ಅದಕ್ಕಾಗಿ ಯಾರೂ ದಿವಾಳಿಯಾಗುವುದಿಲ್ಲ.

ಬಾಸ್ಟನ್ ಸುತ್ತಮುತ್ತ ಬಹಳಷ್ಟು ಕನ್ನಡದ ಸಂಸಾರಗಳಿವೆ. ಅಲ್ಲಿಂದ ಅಸ್ಕಟ್ನಿಗೆ ಕಾರಿನಲ್ಲಿ ಎರಡು ತಾಸು ಚಿಲ್ಲರೆ ದಾರಿ, ಐ-91 ಹೆದ್ದಾರಿ ಬಿಟ್ಟರೆ ಕೆಲವೇ ಮೈಲಿ. ಮಕ್ಕಳಿಗೆ ಮೊದಲ ಸಲ ಹಿಮದ ಮೇಲೆ ಜಾರುವುದನ್ನು ಕಲಿಸಬೇಕೆಂದಿದ್ದರೆ ದೊಡ್ಡ ತಾಣಗಳ ಸಾಲಿನಲ್ಲಿ ಕಾಯುವ ಬದಲು ಇಲ್ಲಿಗೆ ಕರೆದುಕೊಂಡು ಹೋಗಿ. ಹೊರಡುವ ಮುನ್ನ ಹಿಮ ಬಿದ್ದಿದೆಯೇ, ಟಿ-ಬಾರ್ ಓಡುತ್ತಿದೆಯೇ ಎಂದು ವಿಚಾರಿಸಿಕೊಳ್ಳಿ. ಕೈಗವಸು ಮಾತ್ರ ಚರ್ಮದ್ದೇ ಇರಲಿ.