ಸಂಗ್ಯಾಗ ಕಣ್ಣೀರು, ಅಮೃತಮತಿಗ ನರಕ

ನಮ್ಮ ಜನಪದ ರಂಗದ ಸಣ್ಣಾಟ 'ಸಂಗ್ಯಾ ಬಾಳ್ಯಾ' ಪ್ರೇಮಕಥಿ ಅಂತ ಯಾರು ಹೇಳಿದರ್ರಿ ನಿಮಗ?

ಸಂಗ್ಯಾ ರೊಕ್ಕಸ್ಥ, ಚೆಲುವ. ಅವನ ಕಣ್ಣು ಬಿದ್ದದ್ದು ಈರಣ್ಣನ ಹೆಂಡತಿ ಗಂಗಿ ಮ್ಯಾಲ. ಈರಣ್ಣ ವ್ಯಾಪಾರಕ್ಕಂತ ಊರು ಬಿಟ್ಟದ್ದs ತಡ, ಸಂಗ್ಯಾ ಪಾರಮ್ಮ ಅನ್ನೂ ಮುದುಕಿನ್ನ ಗಂಗಿ ಕಡೆ ಕಳಸ್ತಾನ. ಗಂಗಿ ಮೊದಲು ಒಪ್ಪೂದಿಲ್ಲ. ಆದ್ರ ಇವ ಬಿಡಬೇಕಲ್ಲ! ಕಡಿಗೆ ಸುದ್ದಿ ಗಂಡನ ಕಿವಿಗೆ ಬೀಳ್ತದ. ಈರಣ್ಣ, ಅವನ ಅಣ್ಣತಮ್ಮಂದಿರು ಕೂಡಿ ಸಂಗ್ಯಾನ ಕೊಲಿಗೆ ಸಂಚು ಹಾಕ್ತಾರ. ಸಂಗ್ಯಾನ್ನ ಅವರ ಕೈಗೆ ಒಪ್ಪಿಸಾಂವ ಯಾರು? ಜೀವದ ಗೆಳೆಯ ಬಾಳ್ಯಾ.

ಬೈಲಹೊಂಗಲದಾಗ ಖರೇನ ನಡೆದ ಕೊಲಿ ಇದು ಅಂತಾರ. ಆಟ ಕಟ್ಟಿದವರು ಪತ್ತಾರ ಮಾಸ್ತರ. ಚಿಕ್ಕೋಡಿ ಪಕ್ಕದ ಹುಕ್ಕೇರಿ ತಾಲೂಕಿನ ಘೋಡಗೇರಿಯ ಚಂದ್ರಶೇಖರ ಕಂಬಾರರೂ ಇದನ್ನ ನಾಟಕ ಮಾಡಿದರು. ಅಥಣಿ, ರಾಯಬಾಗ, ಕಾಗವಾಡ, ನಿಪ್ಪಾಣಿ ಕಡೆ ಮಂದಿಗೆ ಸಣ್ಣಾಟ ಹೊಸಾದೇನಲ್ಲ. ಹಿಮ್ಮೇಳ ದನಿ ಎತ್ತಿ ಎಳೀತಂದ್ರ, ಸಂಗ್ಯಾ ಮಾಡಿದ್ದೆಲ್ಲಾ ಮರ್ತು ಅಳೂವರೇ ನಾವು.

ಈಗ ಗಂಡನ ಬಿಟ್ಟು ಬ್ಯಾರೆಯವಗ ಮನಸೋತ ಹೆಣ್ಣಿನ ಕಥಿ ನೋಡಾಕ 1209ಕ್ಕ ಹೋಗೂಣು. ಜನ್ನನ ಕಾವ್ಯ 'ಯಶೋಧರ ಚರಿತೆ'. ರಾಣಿ ಅಮೃತಮತಿ ನಡುರಾತ್ರ್ಯಾಗ ಮಾವುತನ ಹಾಡು ಕೇಳಿ ಮನಸೋಲ್ತಾಳ. ಅಂವ ಕುರೂಪಿ, ಮ್ಯಾಲ ಇಕಿನ್ನ ಹೊಡೀತಾನ. ಆದ್ರೂ ಬಿಟ್ಟಿರಾಕ ಆಗೂದಿಲ್ಲ. ಗಂಡಗ, ಅತ್ತೆಗೆ ಇಬ್ಬರಿಗೂ ವಿಷ ಹಾಕ್ತಾಳ. ಜನ್ನ ಆಕಿನ್ನ ಸೀದಾ ನರಕಕ್ಕ ಕಳಸ್ತಾನ.

ಸರಿ, ಆಕಿ ಕೊಂದಾಳ. ಸಂಗ್ಯಾ ಕೊಂದಿಲ್ಲ, ಸತ್ತಾನ. ಲೆಕ್ಕ ಒಂದs ಅಲ್ಲ ಬಿಡ್ರಿ. ಆದ್ರ ನನಗ ಕಾಡೂ ಪ್ರಶ್ನೆ ಗಂಗಿದು. ಬ್ಯಾಡ ಅಂದಾಕಿ ಮನಿಗೆ ಮತ್ತ ಮತ್ತ ಮಂದಿ ಕಳಿಸಿದ ಸಂಗ್ಯಾ, ಪ್ರೇಮಿ ಹೆಂಗಾದ? ಕಮೆಂಟನ್ಯಾಗ ಹೇಳ್ರಿ.