ಶಿಲಾಸ್ತಂಭದಲ್ಲಿ ತಿರ್ಯಕ್ತಲಗಳ ಪೀಡನವಿಚಾರ

ತುಮಕೂರು ಜಿಲ್ಲೆಯ ಕೊರಟಗೆರೆ ತಾಲ್ಲೂಕಿಗೆ ಸೇರಿದ ಗೊರವನಹಳ್ಳಿಯು ಮಹಾಲಕ್ಷ್ಮಿಯ ಸನ್ನಿಧಾನದಿಂದ ಪ್ರಸಿದ್ಧವಾಗಿರುವುದು. ಅಲ್ಲಿಂದ ಮಧುಗಿರಿ, ಪಾವಗಡಗಳ ಕಡೆಗೆ ಸಾಗುವವರಿಗೆ ಬೋಳುಬಂಡೆಯ ಬೆಟ್ಟಗಳು ಒಂದರ ಹಿಂದೊಂದು ಕಾಣಿಸಿಕೊಳ್ಳುವುವು. ಈ ಸಾಲಿನ ಶಿಲೆಗೆ ಭೂವಿಜ್ಞಾನಿಗಳು, ರಾಮನಗರಕ್ಕೆ ಹಿಂದೆ ಇದ್ದ ಹೆಸರನ್ನೇ ಹಿಡಿದು, ಕ್ಲೋಸ್‌ಪೇಟೆ ಗ್ರಾನೈಟ್ ಎನ್ನುವರು. ಅದರ ವಯಸ್ಸು ಸುಮಾರು 250 ಕೋಟಿ ವರ್ಷಗಳೆಂದು ನಿರ್ಣಯವಾಗಿದೆ. ಇಂತಹ ಕಲ್ಲಿನ ಕಂಬವೊಂದನ್ನು ನೆಟ್ಟಗೆ ನಿಲ್ಲಿಸಿ ಮೇಲಿನಿಂದ ನೆಟ್ಟಗೆ ಭಾರವನ್ನು ಹೇರಿದಾಗ, ಕಲ್ಲು ಅಡ್ಡಲಾಗಿ ಮುರಿಯದೆ ಅನೇಕವೇಳೆ ಓರೆಯಾಗಿ ಮುರಿಯುವುದು. ಭಾರ ನೇರ, ಮುರಿತ ಓರೆ. ಇದಕ್ಕೆ ಕಾರಣವೇನೆಂಬುದೇ ಇಲ್ಲಿಯ ಪ್ರಶ್ನೆ.

ವ್ಯಾಕರಣವನ್ನು ಬಲ್ಲವರಿಗೆ ಇದರ ಕೀಲು ಅಪರಿಚಿತವಲ್ಲ. ಗಡಿಗೆಯಲ್ಲಿ ಬೇಯಿಸುತ್ತಾನೆ ಎಂದರೆ ಗಡಿಗೆಯು ಅಧಿಕರಣ. ಗಡಿಗೆಯೇ ಬೇಯಿಸುತ್ತದೆ ಎಂದರೆ ಅದೇ ಗಡಿಗೆಯು ಕರ್ತೃ. ವಸ್ತು ಒಂದೇ ಆದರೂ ನೋಡುವ ಬಗೆಯಿಂದ ಕಾರಕವು ಬೇರೆಯಾಗುವುದು. ಕಂಬದೊಳಗಣ ಪೀಡನವೂ ಹಾಗೆಯೇ. ಭಾರವಿಷ್ಟು ಎಂದ ಮಾತ್ರಕ್ಕೆ ಪೀಡನವಿಷ್ಟು ಎಂದು ಹೇಳಿದಂತಾಗದು. ಯಾವ ತಲದ ಮೇಲೆ ಎಂಬುದನ್ನೂ ಹೇಳಬೇಕು. ದೃಷ್ಟಾಂತಕ್ಕೆ ಒಂದು ಮಿತಿಯುಂಟು: ವ್ಯಾಕರಣದಲ್ಲಿ ಆರಿಸಿಕೊಳ್ಳುವವನು ವಕ್ತೃ, ಇಲ್ಲಿ ಕಲ್ಲು.

20 ಸೆಂಟಿಮೀಟರ್ ಚೌಕದ ಕಂಬವೊಂದರ ಮೇಲೆ 24,000 ಕಿಲೋಗ್ರಾಂ ಭಾರವಿದೆಯೆಂದು ಇಟ್ಟುಕೊಳ್ಳುವುದು. ಅದನ್ನು ಮಟ್ಟಸವಾಗಿ ಕೊಯ್ದಂತೆ ಭಾವಿಸಿದರೆ ಕೊಯ್ದ ಮುಖವು 400 ಚದರ ಸೆಂಟಿಮೀಟರ್. ಪ್ರತಿ ಚದರ ಸೆಂಟಿಮೀಟರಿಗೆ ಬೀಳುವ ಪಾಲು 60 ಕಿಲೋಗ್ರಾಂ. ಈಗ ಅದೇ ಕಂಬವನ್ನು 30 ಅಂಶ ಓರೆಯಾಗಿ ಕೊಯ್ದಂತೆ ಭಾವಿಸಬೇಕು. ಎರಡು ಸಂಗತಿಗಳು ಒಮ್ಮೆಗೇ ಬದಲಾಗುವುವು. ಬಾಳೆಯ ದಿಂಡನ್ನು ಓರೆಯಾಗಿ ಕೊಯ್ದಾಗ ಬಿಲ್ಲೆಯು ದೊಡ್ಡದಾಗುವಂತೆ ಮುಖವು ಹಿಗ್ಗಿ ಸುಮಾರು 462 ಚದರ ಸೆಂಟಿಮೀಟರ್ ಆಗುವುದು. ಭಾರವೂ ಇಬ್ಭಾಗವಾಗುವುದು: ಮುಖವನ್ನು ಲಂಬವಾಗಿ ಒತ್ತುವ ಭಾಗ ಸುಮಾರು 20,785 ಕಿಲೋಗ್ರಾಂ, ಮುಖದ ಗುಂಟ ಜಾರಿಸಲೆಳಸುವ ಭಾಗ 12,000 ಕಿಲೋಗ್ರಾಂ. ಹಂಚಿ ನೋಡಿದರೆ ಲಂಬಪೀಡನ 45, ಸ್ಪರ್ಶಪೀಡನ ಸುಮಾರು 26. ತ್ರಿಜ್ಯೆಯನ್ನು 1 ಎಂದು ಹಿಡಿದು ಸೂತ್ರರೂಪವಾಗಿ ಹೇಳುವುದಾದರೆ, ಓರೆಯ ಕೋಟಿಜ್ಯೆಯ ವರ್ಗದಿಂದ 60ನ್ನು ಗುಣಿಸಲು ಲಂಬಪೀಡನವೂ, ಜ್ಯೆ ಕೋಟಿಜ್ಯೆಗಳೆರಡರಿಂದಲೂ ಗುಣಿಸಲು ಸ್ಪರ್ಶಪೀಡನವೂ ದೊರೆಯುವುವು.

ಓರೆಯನ್ನು 45 ಅಂಶಕ್ಕೆ ಏರಿಸಿದರೆ ಎರಡೂ 30 ಆಗುವುವು. 60 ಅಂಶಕ್ಕೆ ಬಂದಾಗ ಲಂಬಪೀಡನ 15ಕ್ಕೆ ಇಳಿಯುವುದು. ಸ್ಪರ್ಶಪೀಡನ ಮತ್ತೆ 26. ನೆಟ್ಟನೆಯ ತಲದಲ್ಲಿ ಎರಡೂ ಶೂನ್ಯ. 30 ಮತ್ತು 60 ಅಂಶಗಳ ತಲಗಳನ್ನು ಒಂದಕ್ಕೊಂದು ಲಂಬವಾಗಿರುವಂತೆ ಕೊಯ್ದರೆ ಅವುಗಳ ಲಂಬಪೀಡನಗಳ ಮೊತ್ತ 60, ಸ್ಪರ್ಶಪೀಡನಗಳು ಪರಸ್ಪರ ಸಮ. ಇದು ಆಕಸ್ಮಿಕವಲ್ಲ, ಪರಸ್ಪರ ಲಂಬವಾದ ಇಂತಹ ಯಾವ ಜೋಡಿಯಲ್ಲಾದರೂ ಹೀಗೆಯೇ. ಜರ್ಮನಿಯ ಓಟೋ ಮೋರ್ 1882ರಲ್ಲಿ ಈ ಲೆಕ್ಕವನ್ನೆಲ್ಲ ಒಂದೇ ವೃತ್ತದಲ್ಲಿ ಅಡಗಿಸಿ ತೋರಿಸಿದನು.

ಇಲ್ಲಿ ಪದಗಳ ವಿಷಯವಾಗಿ ಒಂದು ಮಾತು. ಸ್ಪರ್ಶಪೀಡನಕ್ಕೆ ಇಂಗ್ಲಿಷಿನಲ್ಲಿರುವ ಹೆಸರು ಕತ್ತರಿಯಿಂದ ಬಂದುದು, ಅದನ್ನನುಸರಿಸಿ ಕರ್ತನವೆನ್ನುವುದುಂಟು. ಕತ್ತರಿಯ ಎರಡು ಅಲಗುಗಳು ಒಂದನ್ನೊಂದು ಸವರಿಕೊಂಡು ಹೋಗುವ ಚಲನೆಯೇ ಅಲ್ಲಿ ವಿವಕ್ಷಿತ. ಆದರೆ ವಿದ್ಯಾರ್ಥಿಗೆ ಕರ್ತನವೆಂದೊಡನೆ ಕತ್ತರಿಸುವಿಕೆಯೇ ಹೊಳೆಯುವುದು. ಜಾರುಪೀಡನವೆಂದರೆ ಅರ್ಥ ತಿಳಿಯಾದೀತು, ಅರಿಸಮಾಸದ ದೋಷವೂ ಅಂಟಿಕೊಂಡೀತು. ಅಚ್ಚಗನ್ನಡದಲ್ಲಿ ಜಾರೊತ್ತು ಎಂದರೆ ಎರಡು ತೊಡಕೂ ಇಲ್ಲ.

ಸ್ಪರ್ಶಪೀಡನವು 45 ಅಂಶದಲ್ಲಿ ಪರಮಾವಧಿಯಾಗುವುದಾದರೆ ಕಲ್ಲು ಅಲ್ಲಿಯೇ ಮುರಿಯಬೇಕಲ್ಲವೆ ಎಂಬ ಆಕ್ಷೇಪ ಸಹಜ. ಫ್ರಾನ್ಸಿನ ಕೂಲಾಂಬನು 1773ರಲ್ಲಿ ಪ್ಯಾರಿಸ್ಸಿನ ವಿದ್ವತ್ಸಭೆಗೆ ಒಪ್ಪಿಸಿದ ಪ್ರಬಂಧದಲ್ಲಿ ಇದಕ್ಕೆ ಸಮಾಧಾನವಿದೆ. ಲಂಬಪೀಡನವು ಎರಡು ಮುಖಗಳನ್ನೂ ಅದುಮಿ ಹಿಡಿದು ಘರ್ಷಣೆಯಿಂದ ಜಾರುವಿಕೆಯನ್ನು ತಡೆಯುವುದು. ಈ ತಡೆಯು ಲಂಬಪೀಡನದ ಅರ್ಧದಷ್ಟೆಂದು ಹಿಡಿದರೆ, 45 ಅಂಶದಲ್ಲಿ 30ರಲ್ಲಿ 15 ಕಳೆದು ಉಳಿಯುವುದು 15. 60 ಅಂಶದಲ್ಲಿ 26ರಲ್ಲಿ ಏಳೂವರೆ ಕಳೆದು ಉಳಿಯುವುದು ಹದಿನೆಂಟೂವರೆ. ಜಾರಿಸುವ ಬಲ ಕಡಮೆಯಾದರೂ ತಡೆಯು ಅದಕ್ಕಿಂತ ಹೆಚ್ಚಾಗಿ ಕುಗ್ಗಿರುವುದರಿಂದ, ಹೆಚ್ಚು ಕಡಿದಾದ ತಲವೇ ಅಪಾಯಕ್ಕೆ ಹತ್ತಿರ. ಯಾವ ದಿಕ್ಕಿನ ಬಲಗಳಿದ್ದರೂ ಯಾವ ತಲಕ್ಕಾದರೂ ಸಲ್ಲುವ ಸಾಮಾನ್ಯಸಿದ್ಧಾಂತವನ್ನು ಕೋಶಿಯು 1822ರಲ್ಲಿ ಮುಂದಿಟ್ಟನು.

ಒಳ್ಳೆಯ ಗ್ರಾನೈಟ್ ಚದರ ಸೆಂಟಿಮೀಟರಿಗೆ ಸಾವಿರ ಕಿಲೋಗ್ರಾಮನ್ನೂ ಮೀರಿ ತಾಳಬಲ್ಲುದಾದುದರಿಂದ, ಬಿರುಕಿಲ್ಲದ ಕಂಬಕ್ಕೆ 60 ಒಂದು ಲೆಕ್ಕವಲ್ಲ. ಓರೆಯಾದ ಬಿರುಕು ಕಂಬವನ್ನು ಪೂರ್ತಿ ಹಾಯ್ದಿದ್ದರೆ ಮಾತು ಬೇರೆ. ಅಲ್ಲಿ ಕಣಗಳ ಬೆಸುಗೆಯಿಲ್ಲ, ಘರ್ಷಣೆಯೊಂದೇ ಆಧಾರ. ಆ ಘರ್ಷಣೆಯು ಲಂಬಪೀಡನದ ಹತ್ತರಲ್ಲಿ ಆರು ಪಾಲೆಂದರೆ, 30 ಅಂಶದ ಬಿರುಕಿನಲ್ಲಿ ತಡೆ 27, ಜಾರಿಕೆ 26. ಕಂಬವು ಕೂದಲೆಳೆಯಷ್ಟರಲ್ಲಿ ನಿಂತಿರುವುದು. 45 ಅಂಶದಲ್ಲಿ ತಡೆ 18, ಜಾರಿಕೆ 30, ನಿಲ್ಲುವಂತಿಲ್ಲ. ಹೇರಿದ ಭಾರವನ್ನು ಅರ್ಧಕ್ಕಿಳಿಸಿದರೂ ಪ್ರಯೋಜನವಿಲ್ಲ, ಏಕೆಂದರೆ ಎರಡೂ ಒಟ್ಟಿಗೇ ಅರ್ಧವಾಗುವುವು. ಸುತ್ತಿಗೆಯಿಂದ ತಟ್ಟಿ, ನಾದವನ್ನು ಕೇಳಿ, ಒಳಬಿರುಕಿನ ಕಲ್ಲನ್ನು ಬೇರ್ಪಡಿಸುವ ಕಲ್ಲುಕುಟಿಗರ ಪದ್ಧತಿಯು ಈ ಕಾರಣದಿಂದ ಭಾರದ ಗಣನೆಗಿಂತ ಮೊದಲಿನದು.

ಇಳಿಜಾರು ಬಂಡೆಯ ಮೇಲೆ ಬಿಡಿಯಾಗಿ ಕುಳಿತ ಗುಂಡುಗಳಿಗೂ ಇದೇ ನ್ಯಾಯ. ದೊಡ್ಡ ಗುಂಡು ಬೇಗ ಜಾರುವುದೆಂಬ ಎಣಿಕೆ ನಿಲ್ಲದು. ಗಾತ್ರವು ಎರಡು ಕಡೆಗೂ ಸಮನಾಗಿ ಸೇರುವುದು, ನಿರ್ಣಯಿಸುವುದು ಇಳಿಜಾರೇ. ಮಳೆಗಾಲದಲ್ಲಿ ಮಾತ್ರ ಬಿರುಕಿನೊಳಗೆ ನಿಂತ ನೀರು ಮೇಲಣ ಕಲ್ಲನ್ನು ಎತ್ತಿಹಿಡಿದಂತೆ ಒತ್ತುವುದರಿಂದ, ಮುಖಗಳನ್ನು ಅದುಮುವ ಪೀಡನವು ಕುಗ್ಗುವುದು, ಜಾರಿಸುವುದು ಕುಗ್ಗದು. ಬೇಸಗೆಯೆಲ್ಲ ಅಲುಗದೆ ನಿಂತ ಬಂಡೆಯು ಭಾರವೇನೂ ಹೆಚ್ಚದಿದ್ದರೂ ಆಗ ಕದಲಬಹುದು.